ತಲೆಯಿಲ್ಲದವಳು ಮನೆಗೆ ಬಂದಳು

"ಆಫ್ ಮಾಡೇ! ಆಫ್ ಮಾಡು!" ಸೋಡಾಬುಡ್ಡಿ ಮಂಚದ ಕೆಳಗಿನಿಂದಲೇ ಕಿರುಚಿದಳು. ದಪ್ಪ ಕನ್ನಡಕದ ಈ ಗೆಳತಿ ಆಗಲೇ ಅಲ್ಲಿಗೆ ನುಸುಳಿದ್ದಳು.

ಗುಬ್ಬಿಗೆ ಬೆರಳೇ ಆಡಲಿಲ್ಲ. ಹೋಮ್‌ವರ್ಕ್ ನೆಪದಲ್ಲಿ ತಂದಿದ್ದ ಅಮ್ಮನ ಫೋನಿನಲ್ಲಿ, ಮಬ್ಬು ಕೆಂಪು ಬೆಳಕಿನೊಳಗೆ, ತಲೆಯಿಲ್ಲದ ಹೆಂಗಸೊಬ್ಬಳು ನಿಂತಿದ್ದಳು. ಕೆಳಗೆ ಹೀಗೆ ಬರೆದಿತ್ತು: "ನಿನ್ನ ಮನೆಯೊಳಗೇ ಇದ್ದೇನೆ. ಅಮ್ಮನ ಫೋಟೋ ಕಳಿಸು. ಯಾರಿಗಾದರೂ ಹೇಳಿದರೆ ಅಮ್ಮ ಇರುವುದಿಲ್ಲ."

ಅವರು ಫೋನಿನಲ್ಲಿ ಆಡುತ್ತಿದ್ದ 'ಏಳು ಬಾಗಿಲು' ಆಟದ ಕೊನೆಯ ಬಾಗಿಲನ್ನು ಯಾರೂ ದಾಟಿಲ್ಲವಂತೆ. ದಾಟಿದವರಿಗೆ ಮಾತೇ ನಿಂತುಹೋಗಿದೆಯಂತೆ. ಯಾರೂ ದಾಟಿಲ್ಲ ಅಂದಮೇಲೆ ಮಾತು ನಿಂತಿದ್ದು ಯಾರಿಗೆ? ಅಷ್ಟು ಕೇಳುವ ಪುರುಸೊತ್ತು ಶಾಲೆಯಲ್ಲಿ ಯಾರಿಗೂ ಇರಲಿಲ್ಲ.

"ಕಳಿಸ್ಬಿಡು ಕಣೇ. ನಂಗೂ ಹೀಗೇ ಬಂದಿದೆ, ನಾಳೆ ನಾನೂ ನಮ್ಮಪ್ಪನ ಫೋಟೋ ಕಳಿಸ್ಬೇಕು," ಎಂದಳು ಸೋಡಾಬುಡ್ಡಿ.

ಪಕ್ಕದ ಕೋಣೆಯಲ್ಲಿ ಅಮ್ಮನ ಹೊಲಿಗೆ ಮಿಷನ್ ಗಡಗಡ ಓಡುತ್ತಿತ್ತು. ಅದು ನಿಂತಾಗಲೆಲ್ಲ ಗುಬ್ಬಿಯ ಎದೆ ಧಸಕ್ಕೆನ್ನುತ್ತಿತ್ತು. ಓಡಿದರೆ ಹೋದ ಜೀವ ಬರುತ್ತಿತ್ತು.

ಮಿಷನ್ ನಿಂತಿತು. ಮತ್ತೆ ಶುರುವಾಗಲೇ ಇಲ್ಲ.

"ಅಮ್ಮಾ!" ಗುಬ್ಬಿ ಓಡಿದಳು.

ಅಮ್ಮ ಸೂಜಿಗೆ ದಾರ ಪೋಣಿಸುತ್ತಿದ್ದಳು. "ಏನೇ ಅದು, ದೆವ್ವ ಕಂಡೋಳ ಹಾಗೆ?"

ಹೇಳಬಾರದು. ಗುಬ್ಬಿ ಮುಖ ತಿರುಗಿಸಿದಳು. ಮೂಲೆಯಲ್ಲಿ ತಲೆಯಿಲ್ಲದವಳು ನಿಂತಿದ್ದಳು!

ಹೊಲಿದ ಬಟ್ಟೆ ತೊಡಿಸಿ ನೋಡುವ ಮರದ ಗೊಂಬೆ ಅದು. ಕೊರಳಲ್ಲಿ ಅಳತೆ ಟೇಪು, ಎಡ ಭುಜದ ಮೇಲೆ ಸೀಮೆಸುಣ್ಣದ ಗೆರೆ. ಗುಬ್ಬಿ ಕೈಲಿದ್ದ ಫೋನು ನೋಡಿದಳು. ಅದೇ ಟೇಪು, ಅದೇ ಗೆರೆ.

"ಅಮ್ಮಾ, ಈ ಫೋಟೋ ತೆಗೆದಿದ್ದು ಯಾರು?"

"ನಾನೇ. ತೋಳು ಸರಿಯಿದ್ಯಾ ಅಂತ, ಹೊಲಿಯೋಕೆ ಕೊಟ್ಟ ಟೀಚರಮ್ಮಂಗೆ ಕಳಿಸಿದ್ದೆ. ಇದ್ಯಾಕೆ ಹೀಗೆ ಕೆಂಪಗಾಗಿದೆ?"

ಗುಬ್ಬಿಗೆ ಮೊದಲನೇ ಬಾಗಿಲಲ್ಲಿ ಆಟ ಕೇಳಿದ್ದು ನೆನಪಾಯಿತು. ಫೋನಿನಲ್ಲಿರುವ ಫೋಟೋ ನೋಡಲೇ? ಓಕೆ. ನಂಬರ್‌ಗಳನ್ನು ನೋಡಲೇ? ಓಕೆ. ಆಟ ಶುರುವಾದರೆ ಸಾಕೆಂದು ಟಕಟಕ ಒತ್ತಿದ್ದಳು.

"ನಾನೇ ಒಳಗೆ ಬಿಟ್ಟೆ ಅಮ್ಮಾ," ಎಂದು ಒಂದೇ ಉಸಿರಿಗೆ ಎಲ್ಲ ಹೇಳಿದಳು.

ಅಮ್ಮ ಮೊದಲು ನೆಟ್ ಆಫ್ ಮಾಡಿದಳು. "ನನ್ನ ಫೋಟೋ ಕಳಿಸಿದ್ಯಾ?"

"ಇಲ್ಲ."

"ದೆವ್ವಕ್ಕೆ ಫೋಟೋ ಯಾಕೆ ಬೇಕು? ಇದರ ಹಿಂದೆ ಯಾರೋ ಮನುಷ್ಯರೇ ಕೂತಿದಾರೆ." ಅಮ್ಮ ಫೋನು ಪಕ್ಕಕ್ಕಿಟ್ಟಳು. "ಈ ಹೊಲಿಗೆ ಮುಗಿಸ್ತೀನಿ. ನಿನ್ನ ಗೆಳತಿ ಮನೆಗೂ ಹೋಗಿ ಹೇಳೋಣ."

ಗುಬ್ಬಿ ಕೋಣೆಗೆ ಮರಳಿ ಮಂಚದ ಕೆಳಗೆ ಬಗ್ಗಿದಳು. "ಬಾರೇ, ನಿಮ್ಮಪ್ಪಂಗೆ ಹೇಳೋಣ."

"ಹೇಳಿದ್ರೆ ಅಪ್ಪನ್ನ..." ಸೋಡಾಬುಡ್ಡಿ ಬಿಕ್ಕಿದಳು.

ಗುಬ್ಬಿ ಅವಳ ಕೈ ಹಿಡಿದುಕೊಂಡು ಕಾದಳು. ಪಕ್ಕದ ಕೋಣೆಯಲ್ಲಿ ಅಮ್ಮನ ಮಿಷನ್ ಮತ್ತೆ ಗಡಗಡ ಎಂದಿತು.

"ಕೇಳಿಸ್ತಾ? ನಾನು ಅಮ್ಮಂಗೆ ಹೇಳಿ ಆಯ್ತು."