"ಬಿಡು" ಅಂದವರು ಯಾರು?

ಅತ್ತೆ ಬೀದಿಗೆಲ್ಲ ಪತ್ತೇದಾರಿ. ಅವರ ಚೀಲ ಹೊರುವ ಭಾಗ್ಯ ಅಳಿಯನದು. ಆ ಬೆಳಿಗ್ಗೆ ಕ್ರೇನ್ ಆಪರೇಟರ್ ಅಳುಮೋರೆ ಹಾಕಿಕೊಂಡು ಬಾಗಿಲಲ್ಲಿ ನಿಂತಾಗಲೇ, ತನ್ನ ರಜೆ ಮಣ್ಣುಪಾಲಾಯಿತೆಂದು ಅಳಿಯನಿಗೆ ಗೊತ್ತಾಯಿತು.

"ಅಮ್ಮಾ, ನಿನ್ನೆ ವಾಕಿಟಾಕೀಲಿ 'ಬಿಡು' ಅಂತ ಕೇಳಿಸ್ತು. ಬಕೆಟ್ಟಿನ ಮರಳು ಬಿಟ್ಟೆ. ಕೆಳಗೆ ಕಂಟ್ರಾಕ್ಟರ ಹೊಸ ಕಾರು! ಗೋಡೆ ಅಡ್ಡ, ನನಗೆ ಕಾಣಲ್ಲ; ಮೇಸ್ತ್ರಿ ಹೇಳಿದಾಗ ಬಿಡೋದು. ಈಗ ನೋಡಿದ್ರೆ ಯಾರೂ ಹೇಳೇ ಇಲ್ವಂತೆ. ಕ್ರೇನಿನ ಕೀ ಕಿತ್ಕೊಂಡಿದ್ದಾರೆ. ಹೇಳಿದ್ದು ಯಾರು ಅಂತ ಗೊತ್ತಾಗದಿದ್ರೆ ಕೆಲಸಾನೂ ಹೋಯ್ತು."

"ದನಿ ಯಾರದು?"

"ಅದರಲ್ಲಿ ಎಲ್ಲರ ದನೀನೂ ನೆಗಡಿ ಬಂದ ಹಾಗೇ ಇರುತ್ತೆ. ಆಮೇಲೆ 'ಓವರ್' ಇಲ್ಲ, ಏನಿಲ್ಲ, ಬರೀ ಗೊರಗೊರ."

ಕಟ್ಟಡದ ಹತ್ತಿರ ಕಂಟ್ರಾಕ್ಟರು ತಮ್ಮ ವಾಕಿಟಾಕಿ ಹಿಡಿದು ಕೆಂಡಾಮಂಡಲವಾಗಿದ್ದರು. "ಈ ಮೇಸ್ತ್ರಿ ಮಾತು ಕೇಳಿ ಈ ಗುಜರಿ ಕೊಂಡೆ! ಕಂಪನಿ ತಯಾರಿಸೋದೇ ನಿಲ್ಲಿಸಿರೋ ಮಾಡೆಲ್ಲು. ಎಷ್ಟು ಎತ್ತರದಿಂದ ಬಿದ್ರೂ ಒಡೆಯಲ್ವಂತೆ!"

ಅತ್ತೆ ಅದನ್ನು ಕೈಬಿಟ್ಟು ನೋಡಿದರು. ವಾಕಿಟಾಕಿಗೆ ಏನೂ ಆಗಲಿಲ್ಲ. ಆದದ್ದೆಲ್ಲ ಅಳಿಯನ ಕಾಲಿನ ಹೆಬ್ಬೆರಳಿಗೆ.

"ನಾನು ಕಾರು ತೆಗೆಸೋಕೆ ಡ್ರೈವರ್‌ನ ಹುಡುಕ್ತಿದ್ದೆ," ಎಂದ ಮೇಸ್ತ್ರಿ.

"ನಾನು ಆಫೀಸಲ್ಲಿ ಓಡಾಡ್ತಾ ಹೆಂಡತಿ ಜೊತೆ ಫೋನಲ್ಲಿದ್ದೆ. ಸಾಕಾಗಿ ಕೂತ್ಕೊಂಡೆ. ಈ ವಾಕಿಟಾಕಿ ಪ್ಯಾಂಟಿನ ಜೇಬಲ್ಲೇ ಇತ್ತು," ಎಂದರು ಕಂಟ್ರಾಕ್ಟರು. "ಇದರ ಬ್ಯಾಟರೀನೂ ಮಧ್ಯಾಹ್ನಕ್ಕೇ ಸಾಯುತ್ತೆ."

"ನಂದು ಸಂಜೆವರೆಗೂ ಬರುತ್ತಲ್ಲ!" ಎಂದ ಮೇಸ್ತ್ರಿ.

ಅತ್ತೆ ಎಲ್ಲರನ್ನೂ ಆಫೀಸಿಗೆ ಕರೆದರು. ಆಪರೇಟರನ ವಾಕಿಟಾಕಿಯನ್ನು ಅಳಿಯನ ಕೈಗಿತ್ತು, ಮೇಸ್ತ್ರಿಯದನ್ನು ಕಂಟ್ರಾಕ್ಟರ ಜೇಬಿಗೆ ಹಾಕಿಸಿ, "ಕೂತ್ಕೊಳ್ಳಿ," ಎಂದರು. ಅವರು ಕೂತರು. ಅಳಿಯನ ಕೈಯಿಂದ "ಉಸ್ಸಪ್ಪಾ!" ಎಂದು ಕೇಳಿಸಿತು.

"ಗುಂಡಿ ಒತ್ತಿದ್ರೆ ಮಾತ್ರ ದನಿ ಹೋಗುತ್ತೆ," ಎಂದರು ಅತ್ತೆ. "ನಿಮ್ಮ ಪ್ಯಾಂಟು ಬಿಗಿ. ಕೂತಾಗಲೆಲ್ಲ ಅದೇ ಒತ್ತುತ್ತೆ. ಬ್ಯಾಟರಿ ಬೇಗ ಸಾಯೋದೂ ಅದಕ್ಕೇ. ಮನೆಯವರಿಗೆ ಏನಂದ್ರಿ?"

"ಅವಳ ತಮ್ಮ ನಮ್ಮನೇಲಿ ಇನ್ನೊಂದು ತಿಂಗಳು ಇರ್ತಾನಂತೆ. 'ಹೋಗ್ಲಿ ಬಿಡು' ಅಂದೆ."

"'ಹೋಗ್ಲಿ' ಅಂತ ನಿಂತು ಅಂದ್ರಿ. 'ಬಿಡು' ಅಂತ ಕೂತು ಅಂದ್ರಿ."

"ಆಮೇಲೆ ಬರೀ ಗೊರಗೊರ ಯಾಕೆ ಅತ್ತೆ?" ಎಂದ ಅಳಿಯ.

"ಆಮೇಲೆ ಮಾತಾಡಿದ್ದು ಅವರ ಹೆಂಡತಿ, ಅಳಿಯಂದಿರೇ. ಇವರು ಬಾಯಿ ತೆರೆಯೋಕಾಗುತ್ತಾ?"

ಅಳಿಯನಿಗೆ ಇದು ಬಿಡಿಸಿ ಹೇಳದೆಯೂ ಅರ್ಥವಾಯಿತು.

ಕಂಟ್ರಾಕ್ಟರು ಎಲ್ಲರನ್ನೂ ಹೊರಗೆ ಕ್ರೇನಿನ ಬುಡಕ್ಕೆ ಕರೆತಂದು, ಆಪರೇಟರನಿಗೆ ಕೀ ಕೊಟ್ಟರು. ಅವನ ಕಣ್ಣು ತುಂಬಿ ಬಂತು. "ತಪ್ಪು ನಂದೇ ಕಣಯ್ಯ," ಎಂದರು ಅವರು. "ಹೋಗ್ಲಿ ಬಿಡು."

ಮೇಲೆ ಬಕೆಟ್ ತೂಗುತ್ತಿತ್ತು. ಮೇಸ್ತ್ರಿ, ಅಳಿಯ, ಅತ್ತೆ, ಕೊನೆಗೆ ಕಂಟ್ರಾಕ್ಟರೂ ಪಕ್ಕಕ್ಕೆ ಹಾರಿದರು. ನಿಂತಲ್ಲೇ ನಿಂತವನು ಆಪರೇಟರ್ ಒಬ್ಬನೇ. ಕೀ ಅವನ ಕೈಯಲ್ಲಿತ್ತು.