ಹೊತ್ತವರ ನೆಲ

“ಈಗ ಯಾಕ ಬಂದ್ರಿ? ನಕ್ಷೆದಾಗ ಬಿಡೋದು ಇನ್ನೂ ಏನರ ಉಳದಿತ್ತೇನು?”

ಅಂಗಳದಲ್ಲಿ ಅಪ್ಪ ಹಾಲೇಶಪ್ಪನ ಹೆಣ. ತಲೆಯ ಬಳಿ ಕುಳಿತಿದ್ದ ಶೀಲಾ, ಹನುಮೇಶನನ್ನು ಎಂಟು ತಿಂಗಳ ನಂತರ ನೋಡುತ್ತಿದ್ದಳು.

ಅವನು ಬೇಲಿಯ ಹೊರಗೇ ಚಪ್ಪಲಿ ಬಿಟ್ಟು ನಿಂತ.

ಐರಣಿಯಾಚೆಯ ಈ ಕುರುಚಲು ಅಡವಿಯಲ್ಲಿ ಶೀಲಾಳ ಜನ ತಲೆಮಾರುಗಳಿಂದ ಜೇನು ಬಿಡಿಸಿ, ಗೆಡ್ಡೆ ಅಗೆದು ಬದುಕಿದವರು. ಅಡವಿಯ ಹಕ್ಕುಪತ್ರಕ್ಕೆ ಅರ್ಜಿ ಹಾಕಿದಾಗ, ಫೋನು ಹಿಡಿದು ಗಡಿಯ ಗುಂಟ ನಡೆದು ನಕ್ಷೆ ಮಾಡಿಕೊಡಲು ಹಾವೇರಿಯ ಸಂಘದಿಂದ ಬಂದವನು ಅಗಡಿ ಊರಿನ ಹನುಮೇಶ. ಅವನು ನಡೆದಲ್ಲೆಲ್ಲ ಫೋನಿನಲ್ಲಿ ಗೆರೆ ಮೂಡುತ್ತಿತ್ತು.

ಎರಡು ದಿನ ದಾರಿ ತೋರಿಸಿದವಳು ಶೀಲಾ. ಅವನ ಕಾಲಿನ ಜಾಲಿಮುಳ್ಳು ಕಿತ್ತವಳೂ ಅವಳೇ.

“ಅಗಡಿಯಾಗ ಮುಳ್ಳ ಇಲ್ಲೇನ್ರಿ?”

“ಅದಾವು. ಕೀಳವರಿಲ್ಲ.”

ಆ ಮಾತು ಎಷ್ಟು ದಿನ ಅವಳ ಜೊತೆಗಿತ್ತು...

ಮೂರನೆಯ ದಿನ ಅವಳು ಮೆಣಸಿನಕಾಯಿ ತೊಟ್ಟು ಬಿಡಿಸುವ ಕೂಲಿಗೆ ಬ್ಯಾಡಗಿಗೆ ಹೋಗಿದ್ದಳು. ಅಂದು ಅವನಿಗೆ ದಾರಿ ತೋರಿಸಿದವನು ಅಪ್ಪ.

ಹಕ್ಕುಪತ್ರ ಬಂತು. ಗುಡ್ಡ ಸಿಕ್ಕಿತು, ಸತ್ತವರನ್ನು ಹೂಳುವ ತಗ್ಗು ಸಿಗಲಿಲ್ಲ. ನಕ್ಷೆಯ ಗೆರೆ ಅದನ್ನು ಹೊರಗಿಟ್ಟಿತ್ತು. ಅವ್ವ ಮಲಗಿದ ಮಣ್ಣಿನ ಸುತ್ತ ಅರಣ್ಯ ಇಲಾಖೆಯವರು ಟ್ರೆಂಚು ಹೊಡೆದು ಸಸಿ ನೆಟ್ಟರು.

‘ನಮ್ಮವ್ವನ್ನ ಯಾರಿಗೆ ಮಾರಿಕೊಂಡ ಇವ?’ ಎಂದುಕೊಂಡಳು. ಅವನ ಫೋನು ಎತ್ತುವುದನ್ನೇ ಬಿಟ್ಟಳು.

ಸೋದರತ್ತೆ ಉಡಚವ್ವ ಸೆರಗಿನಿಂದ ಮೂಗು ಒರೆಸಿಕೊಂಡಳು. “ಅವಗ ಬೈಬ್ಯಾಡವ್ವ. ಅವತ್ತು ಆ ತಗ್ಗಿನ ಮುಂದ ಕೋಲು ಅಡ್ಡ ಹಿಡದವ ನಿಮ್ಮಪ್ಪ. ‘ಹೆಣ ಹೊತ್ತವರು ಬಿಟ್ರ ಬ್ಯಾರೆಯವರು ಇಲ್ಲಿ ಕಾಲಿಡಂಗಿಲ್ಲ, ಸುತ್ತ ಹಾದು ಬರ್ರಿ’ ಅಂದ. ಗೆರಿ ತಪ್ಪತೈತಿ ಅಂತ ಈ ಹುಡುಗ ಹೇಳಿ ಹೇಳಿ ಸಾಕಾದ. ಆಮ್ಯಾಲ ತಗ್ಗಿಂದು ಕೈಲೆ ಬರದು ಕೊಟ್ಟ. ಆಫೀಸಿನ್ಯಾಗ ಅದನ್ನ ತಗೊಳ್ಳಲಿಲ್ಲ.”

“ಅಪ್ಪ ನನಗ್ಯಾಕ ಹೇಳಲಿಲ್ಲ?”

“ಹ್ಯಾಂಗ ಹೇಳ್ಯಾನು? ನಿಮ್ಮವ್ವನ್ನ ನಾನ ಹೊರಗ ಹಾಕಿದೆ ಅಂತಾನೇನು? ಅದ ಕೊರಗಿನಾಗ ಹ್ವಾದ.”

ಶೀಲಾ ಹನುಮೇಶನ ಕಡೆ ನೋಡಿದಳು. “ನೀವರ ಹೇಳಬಾರದಾಗಿತ್ತ?”

“ಅವರ ಬಾಯಿಂದನ ಬರ್ಲಿ ಅಂತ ಕಾದೆ.”

ಬಿಸಿಲು ಇಳಿಯುವ ಮೊದಲು ಹೆಣ ಎತ್ತಬೇಕಿತ್ತು. ಬ್ಯಾಡಗಿ ಪೇಟೆಗೆ ಹಮಾಲಿಗೆ ಹೋದ ಗಂಡಸರು ಇನ್ನೂ ಬಂದಿರಲಿಲ್ಲ. ಹೊರಲು ಇದ್ದವರು ಮೂವರೇ.

“ನಾಕನೇ ಹೆಗಲು ಇವರು ಕೊಡ್ಲಿ,” ಎಂದಳು ಶೀಲಾ.

“ಹೊರಗಿನವ ಅಲ್ಲೇನವ್ವ...”

“ಇವತ್ತಿಂದ ಅಲ್ಲ, ಅತ್ತಿ.”

ಹೆಂಗಸರು ಟ್ರೆಂಚಿನ ಈಚೆ ನಿಂತರು. ದೂರದಲ್ಲಿ ಅರಣ್ಯದ ಗಾರ್ಡು ಎದ್ದು ನಿಂತ. ಹೆಣ ನೋಡಿ ಮುಖ ತಿರುಗಿಸಿದ. ಟ್ರೆಂಚು ಇಳಿದು ಹತ್ತುವಾಗ ಹನುಮೇಶನ ಕಾಲು ಜಾರಿತು. ಹೆಗಲು ಜಾರಲಿಲ್ಲ.

ಅಪ್ಪನನ್ನು ಅವ್ವನ ಮಗ್ಗುಲಿಗೆ ಮಲಗಿಸಿದರು. ಎಲ್ಲರೂ ಹಿಂದಿರುಗಿದ ಮೇಲೆ, ಹನುಮೇಶ ಬರಿಗಾಲಲ್ಲಿ ಫೋನು ಹಿಡಿದು ಆ ತಗ್ಗಿನ ಅಂಚಿನ ಗುಂಟ ನಡೆದ. ಶೀಲಾ ಅವನು ಬರುವವರೆಗೂ ಟ್ರೆಂಚಿನ ಬಳಿಯೇ ಕಾದಳು.

“ಗೆರಿ ಬಂದೈತಿ,” ಎಂದ. “ಮತ್ತ ಅರ್ಜಿ ಹಾಕೂಣು. ಕೊಡ್ತಾರೋ ಇಲ್ಲೋ, ಹೇಳಾಕ ಬರಂಗಿಲ್ಲ.”

ಅವಳು ಫೋನು ನೋಡಲಿಲ್ಲ. ಅವನ ಹೆಗಲ ಮೇಲೆ ಬಿದಿರು ಒತ್ತಿದ ಗುರುತಿತ್ತು.

“ಮೂರನೇ ದಿನ ಹೊತ್ತವರು ನಮ್ಮ ಮನ್ಯಾಗ ಉಣಬೇಕು. ಪದ್ಧತಿ.”

“ಬರ್ತೇನಿ.”

“ಪದ್ಧತಿ ಸಲುವಾಗಿ ಅಷ್ಟ?”

“ಅಲ್ಲ... ಉಣ್ಣಾಕ ನೀಡೋಕಿ ನೀ ಅಂತ.”

ಬೆಳಗಿನಿಂದ ಬಾರದ ಅಳು ಅವಳಿಗೆ ಆಗ ಬಂತು. ಅವನು ಪಕ್ಕದಲ್ಲಿ ನಿಂತಿದ್ದ.

“ನಾಕನೇ ದಿನಾನೂ ಬರ್ರಿ,” ಎಂದಳು.