ಕೆಸರ ಕಂಡು ಓಡಿದವ

"ನನ್ನ ಆಯಿನ ಇನ್ನೂ ಎಷ್ಟು ಸಲ ಸಾಯಿಸ್ತ್ರಿ?"

ಕರಾವಳಿಯ ಹಳ್ಳಿ ಮಾವಳ್ಳಿಯ ಆ ಅಂಗಳಕ್ಕೆ ಕಾಲಿಟ್ಟ ರೂಪೇಶನಿಗೆ ಸಿಕ್ಕ ಸ್ವಾಗತ ಇದು. ವಿನುತಾ ಬಾಗಿಲಿಗೆ ಅಡ್ಡ ನಿಂತಿದ್ದಳು. ಒಳಗೆ ಅವಳ ತಾಯಿ ಹೊನ್ನಮ್ಮನ ಫೋಟೋದ ಮುಂದೆ ದೀಪ ಉರಿಯುತ್ತಿತ್ತು.

ರೂಪೇಶ ಮೈಸೂರಿನವನು, ಧಾರಾವಾಹಿಗಳಿಗೆ ಸಂಗೀತ ಕಟ್ಟುವವನು. ಹೋದ ವರ್ಷ ಹಾಡು ಹುಡುಕುತ್ತ ಬಂದು, ಇದೇ ಜಗಲಿಯಲ್ಲಿ ಹೊನ್ನಮ್ಮನ ಭತ್ತದ ನಾಟಿ ಹಾಡನ್ನು ರೆಕಾರ್ಡ್ ಮಾಡಿಕೊಂಡಿದ್ದ. ಇದ್ದದ್ದು ಮೂರೇ ದಿನ. ಆ ಮೂರು ದಿನ ವಿನುತಾಳ ಮನಸ್ಸು ಅವಳ ಕೈಯಲ್ಲಿರಲಿಲ್ಲ!

ಆಮೇಲೆ ಟಿ.ವಿ.ಯಲ್ಲಿ ಹಾಡು ಬಂತು... ನಿಧಾನವಾಗಿ, ಪಿಟೀಲಿನ ಅಳುವಿನ ಜೊತೆ. ಧಾರಾವಾಹಿಯಲ್ಲಿ ಯಾರು ಸತ್ತರೂ ಹೊನ್ನಮ್ಮನದೇ ದನಿ. "ಹಾಡು ಬಂತು, ಇವತ್ತು ಯಾರು ಹೋದ್ರೋ!" ಎಂದು ಊರವರು ನಗತೊಡಗಿದರು. ಹಾಸಿಗೆ ಹಿಡಿದಿದ್ದ ಹೊನ್ನಮ್ಮ ಕೊನೆಗೆ ಮಗಳಿಗೆ ಹೇಳಿದ್ದು ಒಂದೇ ಮಾತು.

"ಬಂದ್ ಮಾಡೆ ತಂಗಿ... ನನ್ನ ಹಾಡು ಹೆಣದ ಹಾಡಾತು."

ಅಂದಿನಿಂದ ವಿನುತಾ ಅವನ ಫೋನ್ ಎತ್ತಿರಲಿಲ್ಲ.

"ಬೈಯಿರಿ, ಪರವಾಗಿಲ್ಲ," ಎಂದ ರೂಪೇಶ, ಫೋನ್ ಮುಂದೆ ಹಿಡಿದು. "ಅಮ್ಮನ ದನಿ ನಿಮ್ಮ ಹತ್ರ ಇರ್ಲಿ ಅಂತ ತಂದೆ. ಇದ್ರಲ್ಲಿ ಪಿಟೀಲಿಲ್ಲ, ಏನೂ ಇಲ್ಲ."

ಪಿಟೀಲಿಲ್ಲದ ಆ ದನಿ ಬೇರೆಲ್ಲೂ ಉಳಿದಿರಲಿಲ್ಲ. ಅದಕ್ಕೇ ವಿನುತಾ ಅವನನ್ನು ಅಟ್ಟಲಿಲ್ಲ.

ಫೋನಿನಿಂದ ಹೊನ್ನಮ್ಮ ಹಾಡಿದಳು:

'ಗದ್ದೆಗೆ ಇಳಿದ ಗಂಡ್ಯಾರೆ...'

ಆಮೇಲೆ ಮೌನ.

"ಈ ಮೌನಕ್ಕೇ ನಾನು ಸೋತಿದ್ದು. ಬಾರದ ಗಂಡನಿಗೆ ಕಾಯ್ತಿದ್ದಾರೆ ಅನ್ನಿಸ್ತು. ಅಲ್ಲಿ ಪಿಟೀಲು ತುಂಬ್ದೆ."

ವಿನುತಾಳ ಮುಖ ಬಿಳಿಚಿತು.

"ಅಯ್ಯೋ ದೇವ್ರೇ! ಅದು ದುಃಖ ಅಲ್ಲ... ಸಾಲಲ್ಲಿ ನಿಂತ ಹೆಂಗಸ್ರು ಉತ್ರ ಕೊಡೂ ಜಾಗ! 'ಕೆಸರ ಕಂಡು ಓಡಿದವ್ನೆ' ಅಂತ ಎಲ್ಲರೂ ಕೂಗಿ ನಗ್ಬೇಕು!"

"ತಮಾಷೆ ಹಾಡಾ?" ಅವನು ಫೋನನ್ನು ಜಗಲಿಯ ಮೇಲಿಟ್ಟ.

"ಆ ದಿನ ಉತ್ರ ನಾ ಕೊಡ್ಬೇಕಿತ್ತು. ನಿಮ್ಮ ಎದ್ರು ನಾಚ್ಕಂಡು ಬಾಯೇ ಬರ್ಲಿಲ್ಲ... ತಪ್ಪು ನಂದೂ ಹೌದು."

ಇಬ್ಬರ ತಪ್ಪಿನ ಭಾರವನ್ನೂ ಹೊತ್ತು ಹೊನ್ನಮ್ಮ ಹೋಗಿಯಾಗಿತ್ತು. ಇನ್ನು ಯಾರು ಏನು ಹೇಳಿದರೂ ಅವಳ ಕಿವಿಗೆ ಬೀಳದು. ವಿನುತಾ ಕಂಬ ಹಿಡಿದು ಬಿಕ್ಕಿಬಿಕ್ಕಿ ಅತ್ತಳು.

"ಅಮ್ಮನ ಕೊನೇ ಮಾತು ನಿಮ್ಮ ಪಕ್ಕದ್ಮನೆ ಗಣಪಣ್ಣ ಫೋನಲ್ಲಿ ಹೇಳಿದ್ರು. ಧಾರಾವಾಹಿಯವ್ರ ಹತ್ರ ಜಗಳ ಮಾಡಿ ಹಾಡು ತೆಗೆಸ್ದೆ. ಕೆಲ್ಸ ಹೋಯ್ತು."

"ಇದನ್ನ ಹೇಳೂಕೆ ಇಷ್ಟು ದೂರ ಬಂದ್ರಾ?"

"ಅಲ್ಲ... ನಿಮ್ಮನ್ನ ಬಿಟ್ಟು ಇರೋಕೆ ಆಗ್ತಿಲ್ಲ ಅಂತ ಹೇಳೋಕೆ."

ಅವಳು ಹಾಡನ್ನು ಮತ್ತೆ ಮೊದಲಿನಿಂದ ಹಾಕಿದಳು.

'ಗದ್ದೆಗೆ ಇಳಿದ ಗಂಡ್ಯಾರೆ...'

"ಕೆಸರ ಕಂಡು ಓಡಿದವ್ನೆ..." ಒಡೆದ ದನಿಯಲ್ಲಿ ವಿನುತಾ ಆಯಿಗೆ ಉತ್ತರ ಕೊಟ್ಟಳು. ಒಂದು ವರ್ಷ ತಡವಾಗಿ.

ರೂಪೇಶ ಕಣ್ಣೊರೆಸಿಕೊಂಡ. "ಓಡಿದವ ವಾಪಸ್ ಬಂದ್ರೆ?"

ವಿನುತಾ ನೀರಿನ ತಂಬಿಗೆಯನ್ನು ಅವನ ಮುಂದಿಟ್ಟು ಬಾಗಿಲಿನಿಂದ ಪಕ್ಕಕ್ಕೆ ಸರಿದಳು.

"ಕಾಲು ತೊಳ್ಕಂಡು ಒಳಗೆ ಬನ್ನಿ."